ಅಮ್ಮನಿಗೆ ಪದೇ ಪದೇ ಉರಿಮೂತ್ರ, ಸಹಾಯ ಬೇಕು

ಎಲ್ಲರಿಗೂ ನಮಸ್ಕಾರ. ನಮ್ಮಮ್ಮನಿಗೆ 61 ವರ್ಷ, ಶುಗರ್ ಇದೆ. ಆರು ತಿಂಗಳಲ್ಲಿ ಇದು ಮೂರನೇ ಸಲ ಉರಿಮೂತ್ರ. ರಾತ್ರಿಯೆಲ್ಲಾ ಎದ್ದು ಎದ್ದು ಹೋಗುತ್ತಾರೆ, ನಾಲ್ಕು ಹನಿ ಬಂದರೆ ಜಾಸ್ತಿ. ಎಳನೀರು, ಬಾರ್ಲಿ ನೀರು, ಕೊತ್ತಂಬರಿ ಬೀಜದ ಕಷಾಯ ಎಲ್ಲಾ ಕೊಟ್ಟೆವು. ಸ್ವಲ್ಪ ಹಾಯೆನಿಸುತ್ತದೆ, ಅಷ್ಟೇ. ಹೋದ ಸಲ ಉರಿ ನಿಂತಿತು ಅಂತ ಐದು ದಿನದ ಮಾತ್ರೆಯನ್ನು ಎರಡೇ ದಿನಕ್ಕೆ ಬಿಟ್ಟರು. ನಾನು ಗಮನಿಸಬೇಕಿತ್ತು.

ಈ ಸಲ ಮಾತ್ರೆ ಶುರು ಮಾಡುವ ಮುಂಚೆಯೇ ಡಾಕ್ಟರು, ಮೂತ್ರದಲ್ಲಿ ಯಾವ ರೋಗಾಣು ಇದೆ ಅಂತ ನೋಡುವ ಯೂರಿನ್ ಕಲ್ಚರ್‌ಗೆ ಕಳಿಸಿದ್ದಾರೆ. ಚಳಿಜ್ವರ, ಪಕ್ಕೆನೋವು, ವಾಂತಿ ಬಂದರೆ ಸೋಂಕು ಕಿಡ್ನಿಗೆ ಏರಿರಬಹುದು, ತಕ್ಷಣ ಬನ್ನಿ ಅಂದಿದ್ದಾರೆ.

ಶುಗರ್ ಇರುವವರ ಮನೆಯಲ್ಲಿ ಇದು ಮರುಕಳಿಸದ ಹಾಗೆ ಏನು ಮಾಡಿದಿರಿ? ಮೈಸೂರಿನಲ್ಲಿ ಯೂರಾಲಜಿ ನೋಡುವ ಲೇಡಿ ಡಾಕ್ಟರ್ ಗೊತ್ತಿದ್ದರೆ ದಯವಿಟ್ಟು ಹೇಳಿ. ಗಂಡಸರ ಮುಂದೆ ಅಮ್ಮ ಸಂಕೋಚಕ್ಕೆ ಬಾಯೇ ಬಿಡುವುದಿಲ್ಲ.