ಫಾರಮ್ಮಿನಲ್ಲಿ ‘ಇಲ್ಲ’ ಅಂತ ಬರೆದುಬಿಡಲಿ

ನಮ್ಮ ಮನೆಯ ವಾಟ್ಸಾಪ್ ಗುಂಪಿನಲ್ಲಿ ನಡೆದ ಜಗಳ. ಹೆಸರು ಬೇಡ, ಊರು ಸಾಕು.

ಶಿರಾ ದೊಡ್ಡಪ್ಪ: (ಫಾರ್ವರ್ಡ್) ಶುಭ ಸುದ್ದಿ!! ಕ್ರಿಮಿನಲ್ ಕೇಸಿನಲ್ಲಿ ಖುಲಾಸೆ ಆದವರಿಗೆ ಸರ್ಕಾರಿ ಕೆಲಸ ಕೊಡಲೇಬೇಕು. ಸುಪ್ರೀಂ ಕೋರ್ಟ್ ಆದೇಶ. ಎಲ್ಲ ಗುಂಪಿಗೂ ಕಳಿಸಿ.

ಶಿರಾ ದೊಡ್ಡಪ್ಪ: ತಿಪಟೂರಿನ ಹುಡುಗನಿಗೆ ತೋರಿಸಿ. ಕಾನ್ಸ್‌ಟೇಬಲ್ ಲಿಸ್ಟಿನಲ್ಲಿ ಬಂದಿದ್ದಾನೆ. ಹಳೇ ಕೇಸು ಮುಗಿದುಹೋಗಿದೆ. ಕೇಸು ಇತ್ತಾ ಅಂತ ಕೇಳಿದರೆ ಫಾರಮ್ಮಿನಲ್ಲಿ ‘ಇಲ್ಲ’ ಅಂತ ಬರೆದುಬಿಡಲಿ.

ನಾನು: ದೊಡ್ಡಪ್ಪ, ದಯವಿಟ್ಟು ಹಾಗೆ ಬರೆಸಬೇಡಿ. ಖುಲಾಸೆ ಆದ ಮಾತ್ರಕ್ಕೆ ಕೆಲಸ ಕೊಡಲೇಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿಲ್ಲ.

ತಿಪಟೂರು ಅತ್ತೆ: ಅದೇನು ಕೊಲೆ ಕೇಸಾ? ಬದುವಿನ ಮೇಲಿದ್ದ ಎರಡು ತೆಂಗಿನ ಸಸಿ ಕಿತ್ತರು ಅಂತ ಶುರುವಾಯ್ತು. ಇವನು ಬಿಡಿಸೋಕೆ ಹೋಗಿ ತಾನೂ ಎರಡೇಟು ಹಾಕಿದ. ಈಗ ಅವರ ಮನೆ ಮದುವೆಗೆ ನಾವೇ ಮೊದಲು ಹೋಗುತ್ತೇವೆ.

ನಾನು: ಗೊತ್ತು ಅತ್ತೆ. ಆದರೆ ಕಾಗದದಲ್ಲಿ ಐಪಿಸಿ ಸೆಕ್ಷನ್ 323, 504, 506 ಇದೆ, ಅಂದರೆ ಹೊಡೆದದ್ದು, ಬೈದು ಕೆಣಕಿದ್ದು, ಬೆದರಿಸಿದ್ದು. ಲೋಕ ಅದಾಲತ್‌ನಲ್ಲಿ ರಾಜಿ ಆಯ್ತು, ಕಾನೂನಿನ ಪ್ರಕಾರ ಅದೂ ಖುಲಾಸೆಯೇ. ಫಾರಮ್ಮಿನಲ್ಲಿ ಬರೀ ಶಿಕ್ಷೆ ಆಗಿದೆಯಾ ಅಂತ ಕೇಳಲ್ಲ. ಎಂದಾದರೂ ಕೇಸು ದಾಖಲಾಗಿತ್ತಾ ಅಂತಲೂ ಕೇಳುತ್ತಾರೆ. ಆಮೇಲೆ ವಿಚಾರಣೆ ಹೋಗುವುದು ನಮ್ಮೂರ ಠಾಣೆಗೇ. ಎಫ್‌ಐಆರ್ ಬರೆದವರೂ ಅವರೇ ಅಲ್ವಾ?

ಶಿರಾ ದೊಡ್ಡಪ್ಪ: ಕೋರ್ಟೇ ಬಿಟ್ಟ ಮೇಲೆ ಇಲಾಖೆಯವರು ಯಾರಯ್ಯ ಕೇಳೋಕೆ? ಜಡ್ಜಿಗಿಂತ ದೊಡ್ಡವರಾ?

ನಾನು: ಜೈಲಿಗೆ ಹಾಕಬೇಕಾ ಅನ್ನೋದನ್ನ ಜಡ್ಜು ನೋಡುತ್ತಾರೆ. ಕೈಗೆ ಲಾಠಿ ಕೊಡಬಹುದಾ ಅನ್ನೋದನ್ನ ಇಲಾಖೆ ನೋಡುತ್ತೆ. 2013ರಲ್ಲಿ ದೆಹಲಿ ಪೊಲೀಸ್ ಕೆಲಸದ ವಿಚಾರ ಬಂದಿತ್ತು. ಹಲ್ಲೆ ಕೇಸು ರಾಜಿಯಲ್ಲಿ ಮುಗಿದಿದ್ದರೂ, ಹಿನ್ನೆಲೆ ನೋಡುವ ಇಲಾಖೆಯ ಸ್ಕ್ರೀನಿಂಗ್ ಕಮಿಟಿ ಬೇಡ ಅಂದಿತು. ಸುಪ್ರೀಂ ಕೋರ್ಟ್ ಕಮಿಟಿ ಮಾತನ್ನೇ ಎತ್ತಿಹಿಡಿಯಿತು. ಈಗ ಎಲ್ಲರೂ ಹಿಡಿಯುವುದು 2016ರ ಅವತಾರ್ ಸಿಂಗ್ ತೀರ್ಪನ್ನು. ನಿಜ ಬರೆದುಕೊಟ್ಟರೂ ಹಿನ್ನೆಲೆ ನೋಡುವ ಹಕ್ಕು ಇಲಾಖೆಗಿದೆ. ಗಂಭೀರ ಕೇಸಿನಲ್ಲಿ ಅನುಮಾನದ ಲಾಭ ಸಿಕ್ಕಿ ಹೊರಬಂದವರನ್ನು ಬೇಡ ಅನ್ನಬಹುದು. ಆದರೆ ಚಿಕ್ಕ ವಯಸ್ಸಿನ ಸಣ್ಣಪುಟ್ಟ ಕೇಸನ್ನು ಮನ್ನಿಸಬಹುದು ಅಂತಲೂ ಅದರಲ್ಲೇ ಇದೆ. ನಮಗೆ ಬೇಕಾದದ್ದು ಆ ಸಾಲು.

ಬೆಂಗಳೂರು ಭಾವ: 2023ರಲ್ಲಿ ಖುಲಾಸೆ ಆದ ರಾಜಸ್ಥಾನದ ಒಬ್ಬ ಕಾನ್ಸ್‌ಟೇಬಲ್‌ಗೆ ಸುಪ್ರೀಂ ಕೋರ್ಟ್ ಕೆಲಸ ವಾಪಸ್ ಕೊಡಿಸಿತ್ತಲ್ಲ?

ನಾನು: ಅವನು ಆಗಲೇ ಕೆಲಸದಲ್ಲಿದ್ದವನು ಭಾವ. ಇಲಾಖಾ ವಿಚಾರಣೆ ಮಾಡಿ ತೆಗೆದಿದ್ದರು. ಹೊಸ ನೇಮಕಾತಿ ಲೆಕ್ಕವೇ ಬೇರೆ.

ಶಿರಾ ದೊಡ್ಡಪ್ಪ: ನನ್ನ ಜೊತೆ ವಾಕಿಂಗ್ ಬರುವ ವಕೀಲರು ಈಗಷ್ಟೇ ಹೇಳಿದರು. 2011ರಲ್ಲಿ ಕೇಸು ಮುಚ್ಚಿಟ್ಟವನನ್ನೂ ಸುಪ್ರೀಂ ಕೋರ್ಟ್ ಕ್ಷಮಿಸಿದೆಯಂತೆ. ಹುಡುಗುಬುದ್ಧಿ ಅಂತ. ಇದಕ್ಕೇನು ಹೇಳ್ತೀಯಾ?

ನಾನು: ಸರಿಯಾಗಿಯೇ ಹೇಳಿದ್ದಾರೆ. ಪೂರ್ತಿ ಹೇಳಿಲ್ಲ. ಅವನು ಅರ್ಜಿಯಲ್ಲಿ ಬಿಟ್ಟಿದ್ದ, ಆಯ್ಕೆ ಆದ ಮೇಲೆ ಇನ್ನೊಂದು ಫಾರಮ್ಮಿನಲ್ಲಿ ತಾನೇ ಬರೆದ. ಅರ್ಜಿ ಹಾಕಿದ್ದು 1999ರಲ್ಲಿ, ತೀರ್ಪು 2011ರಲ್ಲಿ. ಅಷ್ಟು ವರ್ಷ ದೆಹಲಿಗೆ ಅಲೆಯೋಕೆ ಯಾರ ತೋಟ ಮಾರೋಣ?

ತಿಪಟೂರು ಅತ್ತೆ: ನಮ್ಮದಂತೂ ಬೇಡಪ್ಪ!

ಹುಡುಗ: ಅಣ್ಣ, ನಿಜ ಬರೆದರೆ ತೆಗೆದುಹಾಕಲ್ವಾ?

ನಾನು: ಖಂಡಿತ ತೆಗೆಯಲ್ಲ ಅಂತ ನಾನು ಹೇಳೋಕಾಗಲ್ಲ. ಆದರೆ ಬರೆದೂ ತೆಗೆದರೆ ಸಣ್ಣ ಕೇಸು, ರಾಜಿ ಆಗಿದೆ ಅಂತ ವಾದ ಮಾಡಬಹುದು. ಮುಚ್ಚಿಟ್ಟು ಸಿಕ್ಕಿಬಿದ್ದರೆ ತೆಂಗಿನ ಸಸಿ ವಿಚಾರ ಯಾರೂ ಕೇಳಲ್ಲ, ಸುಳ್ಳು ಹೇಳಿದ ಅಂತ ಅಷ್ಟಕ್ಕೇ ಕೆಲಸ ಹೋಗಬಹುದು. ಕೇಸ್ ನಂಬರ್, ಸೆಕ್ಷನ್, ಕೋರ್ಟು, ಮುಗಿದ ತಾರೀಖು ಬರಿ. ರಾಜಿ ಅಂತಲೇ ಬರಿ, ಸಾಕ್ಷಿ ನೋಡಿ ಕೋರ್ಟೇ ತಪ್ಪಿಲ್ಲ ಅಂದ ಹಾಗೆ ‘ಗೌರವಯುತ ಖುಲಾಸೆ’ ಅಂತ ಸುಮ್ನೆ ಬಣ್ಣ ಹಚ್ಚಬೇಡ. ಆದೇಶದ ಸರ್ಟಿಫೈಡ್ ಕಾಪಿ ಲಗತ್ತಿಸು. ಸೋಮವಾರ ತಿಪಟೂರು ಕೋರ್ಟಿನಲ್ಲಿ ನಕಲಿಗೆ ಅರ್ಜಿ ಹಾಕಿಸುತ್ತೇನೆ.

ಶಿರಾ ದೊಡ್ಡಪ್ಪ: ಹಾಕಿಸು, ಖರ್ಚು ನಂದು. ಆದರೆ ಕೋರ್ಟು ಬಿಟ್ಟ ಹುಡುಗನನ್ನ ಇನ್ನೊಬ್ಬರು ತೂಗಿ ನೋಡೋದು ನನಗಂತೂ ಒಪ್ಪಿಗೆ ಇಲ್ಲ.

ಹುಡುಗ: ಕೇಸ್ ನಂಬರ್ ಅಪ್ಪನ ಹತ್ರ ಇದೆ ಅಣ್ಣ. ಕಳಿಸುತ್ತೇನೆ.