ಸಾಸ್ ‘ಒಡೆಯಿತು’ ಎನ್ನಬಹುದೇ?

ಮಾನ್ಯರೇ,

ಸ್ಟೇಕ್ ಜೊತೆಗೆ ಬಡಿಸುವ ಬೇಯರ್ನೇಜ್ ಎಂಬ ಫ್ರೆಂಚ್ ಬೆಣ್ಣೆ ಸಾಸನ್ನು ಮನೆಯಲ್ಲಿ ಮಾಡುವ ಕ್ರಮವನ್ನು ಕನ್ನಡದಲ್ಲಿ ಬರೆಯಲು ಹೊರಟು, ಒಂದು ಕ್ರಿಯಾಪದದ ಬಳಿ ನಿಂತುಬಿಟ್ಟಿದ್ದೇನೆ. ಈ ಸಾಸ್ ಕೆಟ್ಟಾಗ ಅದು ಏನಾಯಿತು ಎಂದು ಬರೆಯಬೇಕು?

ಸಣ್ಣ ಈರುಳ್ಳಿ, ಜಜ್ಜಿದ ಕಾಳುಮೆಣಸು ಮತ್ತು ಟ್ಯಾರಗಾನ್ ಸೊಪ್ಪಿನ ದಂಟನ್ನು ಬಿಳಿ ವೈನಿನ ವಿನೆಗರ್‌ನಲ್ಲಿ ಕುದಿಸಿ, ಒಂದೆರಡು ಚಮಚ ರಸ ಉಳಿಯುವವರೆಗೆ ಬತ್ತಿಸಿ ಸೋಸಬೇಕು. ‘ಇಂಗಿಸಿ’ ಎನ್ನುವುದಕ್ಕಿಂತ ‘ಬತ್ತಿಸಿ’ ಎಂಬುದೇ ಇಲ್ಲಿ ಸರಿಯೆಂದು ನನ್ನ ಎಣಿಕೆ. ಇಂಗಿದ ನೀರು ಮತ್ತೊಂದರೊಳಗೆ ಸೇರಿಹೋಗುತ್ತದೆ, ಇಲ್ಲಿ ಅದು ಆವಿಯಾಗುತ್ತದೆ. ಆ ರಸಕ್ಕೆ 3 ಮೊಟ್ಟೆಗಳ ಹಳದಿಯನ್ನು ಹಾಕಿ, ಬಿಸಿನೀರಿನ ಪಾತ್ರೆಯ ಮೇಲಿಟ್ಟು ಮಂದವಾಗುವವರೆಗೆ ಕಡೆಯುತ್ತಾ, ಸುಮಾರು 200 ಗ್ರಾಂ ಕರಗಿಸಿದ ಬೆಣ್ಣೆಯನ್ನು ಮೊದಲು ತೊಟ್ಟುತೊಟ್ಟಾಗಿ, ಆಮೇಲೆ ಸಣ್ಣ ಧಾರೆಯಾಗಿ ಬಿಡಬೇಕು. ಕೊನೆಗೆ ಹೆಚ್ಚಿದ ಟ್ಯಾರಗಾನ್ ಎಲೆ. ‘ಕಡೆ’ ಎಂಬ ಮಾತು ನನಗೆ ಇಲ್ಲಿ ಬಹಳ ಇಷ್ಟವಾಯಿತು: ಮೊಸರನ್ನು ಕಡೆದರೆ ಬೆಣ್ಣೆ ಹೊರಗೆ ಬರುತ್ತದೆ, ಇದನ್ನು ಕಡೆದಷ್ಟೂ ಬೆಣ್ಣೆ ಒಳಗೆ ಸೇರುತ್ತದೆ.

ಈ ಸಾಸ್ ಎರಡು ಬಗೆಯಲ್ಲಿ ಕೆಡುತ್ತದೆ. ಶಾಖ ಸುಮಾರು 70 ಡಿಗ್ರಿ ಸೆಲ್ಸಿಯಸ್ ದಾಟಿದರೆ ಹಳದಿ ಬೆಂದು, ಚಮಚದ ಬೆನ್ನಿಗೆ ರವೆಯಂತೆ ತರಿತರಿಯಾಗಿ ಅಂಟುತ್ತದೆ, ಇದಕ್ಕೆ ಪರಿಹಾರವಿಲ್ಲ. ಬೆಣ್ಣೆಯನ್ನು ಅವಸರದಲ್ಲಿ ಸುರಿದರೆ ಮಾತ್ರ ಬಟ್ಟಲಿನ ಅಂಚಿನಲ್ಲಿ ಜಿಡ್ಡು ಮಿನುಗತೊಡಗಿ, ನಡುವೆ ನೀರಾದ ಹಳದಿ ದ್ರವ ಉಳಿಯುತ್ತದೆ. ಇದನ್ನು ಉಳಿಸಿಕೊಳ್ಳಬಹುದು: ಬೇರೊಂದು ಬಟ್ಟಲಿನಲ್ಲಿ ಹೊಸದಾಗಿ ಒಂದು ಹಳದಿಯನ್ನು ಚಮಚ ನೀರಿನೊಡನೆ ಬೆಚ್ಚಗೆ ಕಡೆದು, ಕೆಟ್ಟ ಸಾಸನ್ನು ಸ್ವಲ್ಪಸ್ವಲ್ಪವಾಗಿ ಅದಕ್ಕೆ ಬೆರೆಸಿದರೆ ಅದು ಮತ್ತೆ ಕೂಡಿಕೊಳ್ಳುತ್ತದೆ.

ಫ್ರೆಂಚರು ಕೆಟ್ಟ ಹಾಲಿಗೂ ಕೆಟ್ಟ ಸಾಸಿಗೂ ‘ತೂರ್ನೆ’, ಅಂದರೆ ‘ತಿರುಗು’ ಎಂಬ ಒಂದೇ ಕ್ರಿಯಾಪದವನ್ನು ಬಳಸುತ್ತಾರೆ. ನಾವೂ ಹಾಲು ಒಡೆಯಿತು, ಮಜ್ಜಿಗೆಹುಳಿ ಒಡೆಯಿತು ಎನ್ನುತ್ತೇವೆ. ಆದರೆ ಒಡೆದ ಹಾಲು ಮತ್ತೆ ಹಾಲಾಗುವುದಿಲ್ಲವಾದ್ದರಿಂದ ‘ಸಾಸ್ ಒಡೆಯಿತು’ ಎಂದು ಓದಿದವರು ಅದನ್ನು ಚೆಲ್ಲಿಬಿಟ್ಟಾರು. ಮೇಲಾಗಿ ಇದೇ ಬರಹ ‘ಮೊಟ್ಟೆ ಒಡೆದು’ ಎಂದೇ ಶುರುವಾಗುತ್ತದೆ. ‘ಬೆಣ್ಣೆ ಬಿಟ್ಟುಕೊಂಡಿತು’ ಎನ್ನೋಣವೆಂದರೆ ತೊಡಕು ಇನ್ನೂ ಹೆಚ್ಚು. ಮಸಾಲೆ ಎಣ್ಣೆ ಬಿಡುವುದು, ಮೈಸೂರುಪಾಕು ತುಪ್ಪ ಬಿಡುವುದು ನಮ್ಮಲ್ಲಿ ಹದ ಬಂದ ಗುರುತು. ಜಿಡ್ಡು ಹೊರಬಂದದ್ದನ್ನು ಕಂಡು ಓದುಗರು ಅಡುಗೆ ಆಯಿತೆಂದೇ ತಿಳಿಯುತ್ತಾರೆ. ಸದ್ಯಕ್ಕೆ ಮೊದಲನೆಯದಕ್ಕೆ ‘ತರಿಗಟ್ಟಿತು’, ಎರಡನೆಯದಕ್ಕೆ ‘ಬೇರ್ಪಟ್ಟಿತು’ ಎಂದು ಬರೆದಿದ್ದೇನೆ. ಎರಡನೆಯ ಮಾತಿನಲ್ಲಿ ಒಲೆಯ ಮುಂದೆ ನಿಂತವರ ದನಿ ಇಲ್ಲವೆಂಬ ಕೊರಗು ಮಾತ್ರ ಹೋಗಿಲ್ಲ.

ಬೆಣ್ಣೆಯ ವಿಷಯದಲ್ಲೂ ಒಂದು ಸಂದೇಹವಿದೆ. ಕೆಲವರು ಈ ಸಾಸಿಗೆ ಕರಗಿಸಿ ತಿಳಿ ತೆಗೆದ ಬೆಣ್ಣೆಯನ್ನು ಬಳಸುತ್ತಾರೆ. ‘ಬೆಣ್ಣೆ ಕಾಯಿಸಿ’ ಎಂದು ಬರೆದರೆ ಕನ್ನಡಿಗರು ತುಪ್ಪವನ್ನೇ ಮಾಡಿಬಿಡುತ್ತಾರೆ. ಗಸಿ ಕೆಂಪಗಾದ ತುಪ್ಪದ ಘಮದ ಮುಂದೆ ಟ್ಯಾರಗಾನ್ ವಾಸನೆ ಉಳಿಯದು. ತಿಳಿಸಾರು ಎನ್ನುವಂತೆ ‘ತಿಳಿಬೆಣ್ಣೆ’ ಎಂದರೆ ಒಪ್ಪುತ್ತದೆಯೇ?

ಹೆಸರನ್ನು ಅನುವಾದಿಸದೆ ಹಾಗೆಯೇ ಉಳಿಸಿಕೊಂಡಿದ್ದೇನೆ. ಅದರ ಅರ್ಥ ‘ಬೇಯರ್ನ್ ಸೀಮೆಯದು’ ಎಂದಾದರೂ, ಸಾಸ್ ಹುಟ್ಟಿದ್ದು ಪಿರೆನೀಸ್ ತಪ್ಪಲಿನ ಆ ಸೀಮೆಯಲ್ಲಲ್ಲ, 1830ರ ದಶಕದಲ್ಲಿ ಪ್ಯಾರಿಸ್ ಬಳಿಯ ಸೇಂಟ್ ಜರ್ಮೇನ್ ಆನ್ ಲೇ ಊರಿನ ಒಂದು ಹೋಟೆಲಿನಲ್ಲಿ ಎಂಬುದು ರೂಢಿಯ ಕಥೆ; ಬೇಯರ್ನ್‌ನಲ್ಲಿ ಹುಟ್ಟಿದ ನಾಲ್ಕನೆಯ ಹೆನ್ರಿ ದೊರೆಯ ಹೆಸರು ಆ ಹೋಟೆಲಿನದು.

ನಿಮ್ಮ ಮನೆಗಳಲ್ಲಿ ಮಜ್ಜಿಗೆಹುಳಿಯೋ ಕಾಯಿಹಾಲಿನ ಸಾರೋ ಬೇರೆಯಾಗಿ, ಇನ್ನೂ ಸರಿಪಡಿಸಬಹುದಾದ ಸ್ಥಿತಿಯಲ್ಲಿದ್ದಾಗ ಹಿರಿಯರು ಏನೆನ್ನುತ್ತಾರೆ? ಯಾವ ಸೀಮೆಯ ಮಾತು ಎಂಬುದನ್ನೂ ಸೇರಿಸಿ ತಿಳಿಸಬೇಕೆಂದು ಕೋರುತ್ತೇನೆ.