ಚತುರ್ಭುಜದ ಕೋನಗಳ ಮೊತ್ತ 360° ಬರುತ್ತಲೇ ಇಲ್ಲ, ತಲೆ ಕೆಟ್ಟಿದೆ

ಚುಕ್ಕಿರಂಗೋಲಿ: ಮಗಳು ಎಂಟನೇ ಕ್ಲಾಸ್. ಟ್ಯಾಬ್‌ನಲ್ಲಿ ಚತುರ್ಭುಜ ಬರೆದು ಕೋನ ಕೂಡಿಸಿದರೆ 360 ಬರುತ್ತಿಲ್ಲ. ಆ್ಯಪ್ ತೆಗೆದು ಮತ್ತೆ ಹಾಕಿದೆ, ಊಹೂಂ. ನಾಳೆ ಕ್ಲಾಸಲ್ಲಿ ತೋರಿಸಬೇಕಂತೆ. ಬೇಗ ಹೇಳಿ.

ಅರ್ಧಡಿಗ್ರಿ: ದಶಮಾಂಶದ ಸಮಸ್ಯೆ. ರೌಂಡಿಂಗ್ ಎರಡು ಸ್ಥಾನಕ್ಕೆ ಇಡಿ.

ಚುಕ್ಕಿರಂಗೋಲಿ: ಇಟ್ಟೆ. ಹಾಗೇ ಇದೆ.

ಅರ್ಧಡಿಗ್ರಿ: ಐದಕ್ಕೆ ಇಡಿ.

ಕರ್ಣಪಿಶಾಚಿ: ಎಷ್ಟು ಬರುತ್ತಿದೆ ಅಂತ ಮೊದಲು ಹೇಳಿ ಮಾರಾಯ್ರೆ! ಆ್ಯಪ್ ಜಿಯೋಜಿಬ್ರಾ ಆಗಿದ್ದು 1080 ಬಂದರೆ, ಒಂದೊಂದು ಕೋನಕ್ಕೂ ಮೂರು ಬಿಂದು ಒತ್ತುವಾಗ ಗಡಿಯಾರದ ವಿರುದ್ಧ ದಿಕ್ಕಿನಲ್ಲಿ ಒತ್ತಿದ್ದೀರಿ, ಅದು ಪ್ರತಿ ಮೂಲೆಯಲ್ಲೂ ಹೊರಗಿನ ದೊಡ್ಡ ಕೋನ ತೋರಿಸುತ್ತಿದೆ. ಉಲ್ಟಾ ಸುತ್ತಿನಲ್ಲಿ ಒತ್ತಿದರೆ ಸರಿಹೋಗುತ್ತದೆ.

ಚುಕ್ಕಿರಂಗೋಲಿ: 240.

ಅರ್ಧಡಿಗ್ರಿ: ರೌಂಡಿಂಗ್‌ನಲ್ಲಿ ಹೀಗೆಲ್ಲ ಆಗುತ್ತದೆ.

ಕರ್ಣಪಿಶಾಚಿ: ಆಗಲ್ಲ ಸ್ವಾಮಿ. ಪೂರ್ಣ ಡಿಗ್ರಿಗೆ ಸರಿಪಡಿಸಿದರೂ ಒಂದು ಕೋನಕ್ಕೆ ಜಾಸ್ತಿ ಅಂದರೆ ಅರ್ಧ ಡಿಗ್ರಿ ತಪ್ಪು. ನಾಲ್ಕಕ್ಕೆ ಎರಡು. 120 ಎಲ್ಲಿ ಹೋಯಿತು? ಚುಕ್ಕಿ ಅವರೇ, ನಾಲ್ಕೂ ಅಳತೆ ಹಾಕಿ.

ಚುಕ್ಕಿರಂಗೋಲಿ: A 35, B 40, C 45, D 120. ಆಕಾರ ಮಾಮೂಲಿಯೇ, D ಸ್ವಲ್ಪ ಒಳಗೆ ಬಂದಿದೆ ಅಷ್ಟೇ.

ಕರ್ಣಪಿಶಾಚಿ: ಅದನ್ನೇ ಮೊದಲು ಹೇಳಬೇಕಿತ್ತು ಅಲ್ವಾ! D ಒಳಗೆ ಬಂದರೆ ಅದು ಬಾಣದ ತುದಿಯ ಆಕಾರ, ಅಂದರೆ ನಿಮ್ನ ಚತುರ್ಭುಜ. ಅಲ್ಲಿ ಒಳಕೋನ ಸರಳಾಧಿಕ, ಅಂದರೆ 180 ದಾಟಿದ್ದು, 240. ನಿಮ್ಮ ಆ್ಯಪ್ 180 ದಾಟಿದ ಕೋನ ತೋರಿಸದ ಸೆಟ್ಟಿಂಗ್‌ನಲ್ಲಿದೆ, ಅದಕ್ಕೆ ಹೊರಗಿನ 120 ತೋರಿಸುತ್ತಿದೆ. ಈಗ ಕೂಡಿಸಿ: 35+40+45+240. ಮಜಾ ನೋಡಿ, ಹೊರಗಿನ ಆ 120 ಉಳಿದ ಮೂರರ ಮೊತ್ತವೇ. ಯಾವ ಬಾಣದ ತುದಿ ಬರೆದರೂ ಹೀಗೇ ಬರುತ್ತದೆ. ಕಾರಣ ಬೇಕಿದ್ದರೆ BD ಕರ್ಣ ಎಳೆಯಿರಿ, ಒಳಗೆ ಎರಡು ತ್ರಿಭುಜ, 180+180. AC ಎಳೆಯಬೇಡಿ, ಅದು ಆಕಾರದ ಹೊರಗೆ ಹೋಗುತ್ತದೆ.

ಬಡಗಿಮನೆ: ಇಷ್ಟೆಲ್ಲ ಯಾಕೆ? ಎರಡೂ ಕರ್ಣ ಟೇಪಲ್ಲಿ ಅಳೆಯಿರಿ, ಸಮ ಬಂದರೆ ನಾಲ್ಕೂ 90. ಬಾಗಿಲು ಚೌಕಟ್ಟಿಗೆ ನಾವು ಮಾಡೋದು ಅದೇ. ನನ್ನ ಹತ್ತಿರ ಈಗ ಲೇಸರ್ ಮೀಟರ್ ಇದೆ, ಟೇಪ್ ಮುಟ್ಟೋದೇ ಇಲ್ಲ.

ತ್ರಾಪಿಜ್ಯ_ತಮ್ಮ: ಕರ್ಣ ಸಮ ಬಂದರೆ ಸಾಲದು. ಸಮದ್ವಿಬಾಹು ತ್ರಾಪಿಜ್ಯಕ್ಕೂ (ಎರಡು ಬದಿ ಸಮಾಂತರ, ಓರೆ ಬದಿಗಳೆರಡೂ ಸಮ) ಕರ್ಣಗಳು ಸಮ, ಕೋನ ಮಾತ್ರ 90 ಅಲ್ಲ. ಎದುರು ಬದಿಗಳೂ ಸಮ ಇರಬೇಕು.

ಬಡಗಿಮನೆ: ಚೌಕಟ್ಟಿಗೆ ಎದುರು ಬದಿ ಸಮ ಕುಯ್ದೇ ತರೋದು. ಸುಮ್ನೆ ಕೊಂಕು.

ತ್ರಾಪಿಜ್ಯ_ತಮ್ಮ: ಅದನ್ನೂ ಬರೆಯಿರಿ ಮತ್ತೆ, ಮಕ್ಕಳು ಓದುತ್ತಾರೆ.

ಬಡಗಿಮನೆ: ಮೂಲೆಯಿಂದ ಒಂದು ಬದಿಗೆ 3 ಅಡಿ, ಇನ್ನೊಂದಕ್ಕೆ 4 ಅಡಿ ಗುರುತು ಹಾಕಿ, ಗುರುತುಗಳ ನಡುವೆ 5 ಅಡಿ ಬಂದರೆ ಮೂಲೆ 90, ಅದರಲ್ಲಾದರೂ ತಪ್ಪು ಹುಡುಕಿ.

ಅರ್ಧಡಿಗ್ರಿ: ನಮ್ಮಲ್ಲಿ ದೊಡ್ಡ ಟಚ್ ಬೋರ್ಡ್, ಪೆನ್ ಸಮೇತ. ಇಂಥ ತೊಂದರೆ ಬಂದೇ ಇಲ್ಲ.

ಚುಕ್ಕಿರಂಗೋಲಿ: ಕರ್ಣಪಿಶಾಚಿ ಅವರೇ, ಸೆಟ್ಟಿಂಗ್ ಬದಲಿಸಿದೆ, 360 ಬಂತು, ಥ್ಯಾಂಕ್ಸ್. ಆದರೆ ಮಗಳು D ಅನ್ನು ಇನ್ನೂ ಎಳೆದು AB ಗೆರೆ ದಾಟಿಸಿದಳು, ಮೊತ್ತ ಮತ್ತೆ ಏರುಪೇರು.

ಕರ್ಣಪಿಶಾಚಿ: ಈಗ CD ಬದಿ AB ಬದಿಯನ್ನೇ ಕತ್ತರಿಸುತ್ತಿದೆ. ಒಳಗೆ ಯಾವುದು, ಹೊರಗೆ ಯಾವುದು ಅನ್ನೋದೇ ಕಲಸಿಹೋಗುತ್ತದೆ. 360ರ ನಿಯಮ ಬದಿಗಳು ಒಂದನ್ನೊಂದು ಕತ್ತರಿಸದ ಚತುರ್ಭುಜಕ್ಕೆ ಮಾತ್ರ. ನಾಳೆಗೆ ಬಾಣದ ತುದಿ ಸಾಕು, ಇದಕ್ಕೆ ಬೇರೆ ಥ್ರೆಡ್ ಹಾಕಿ.

ಬಡಗಿಮನೆ: ಟಚ್ ಬೋರ್ಡ್ ಎಷ್ಟಕ್ಕೆ ಬಿತ್ತು?